ಮಂಡ್ಯ ತೆರೆಯಿತು, ಮೈಸೂರು ತೆರೆಯಲಿಲ್ಲ

ಪ್ರಶ್ನೆ: 2021ರ ಜೂನ್‌ನಲ್ಲಿ ಮಂಡ್ಯ ಜಿಲ್ಲೆಗೆ ಲಾಕ್‌ಡೌನ್ ಸಡಿಲವಾಯಿತು, ಮೈಸೂರಿಗೆ ಆಗಲಿಲ್ಲ. ಶ್ರೀರಂಗಪಟ್ಟಣದಲ್ಲಿ ನಮ್ಮಪ್ಪ ತಿಂಡಿ ಹೋಟೆಲು ತೆರೆದರೂ ಗಿರಾಕಿ ಬರಲಿಲ್ಲ, ಕೊನೆಗೆ ಮುಚ್ಚಿದರು. ತಮ್ಮ ಕೈಗುಣವೇ ಸರಿಯಿಲ್ಲ ಅಂತ ಈಗಲೂ ಕೊರಗುತ್ತಾರೆ. ಏನು ಹೇಳಲಿ?
– ಓದುಗರೊಬ್ಬರು, ಶ್ರೀರಂಗಪಟ್ಟಣ

ಉತ್ತರ: ಕೈಗುಣದ ಮಾತು ಬೇಡಮ್ಮ. ಆಗ ಮೈಸೂರಿನ ಅಗ್ರಹಾರದಲ್ಲಿ ನಾನೂ ಹೋಟೆಲು ನಡೆಸುತ್ತಿದ್ದೆ, ಅದಕ್ಕೇ ಹೇಳುತ್ತೇನೆ.

ಜೂನ್ 21ರಿಂದ ಸರ್ಕಾರ ಪಾಸಿಟಿವಿಟಿ ದರ, ಅಂದರೆ ಕೋವಿಡ್ ಪರೀಕ್ಷೆ ಮಾಡಿದ ನೂರರಲ್ಲಿ ಎಷ್ಟಕ್ಕೆ ಸೋಂಕು ಅನ್ನುವುದನ್ನು ನೋಡಿ, ಜಿಲ್ಲೆಗಳನ್ನು ಮೂರು ಗುಂಪು ಮಾಡಿತು. ಶೇ. 5ಕ್ಕಿಂತ ಕಡಿಮೆಯಿದ್ದ ಮಂಡ್ಯ ಮೊದಲನೆಯದರಲ್ಲಿ, ಶೇ. 10 ದಾಟಿದ್ದ ಮೈಸೂರು ಕೊನೆಯದರಲ್ಲಿ. ನಿಮ್ಮಲ್ಲಿ ಅರ್ಧ ಸೀಟು ತುಂಬಿಸಿ, ಎ.ಸಿ. ಹಾಕದೆ, ಸಂಜೆ 5ರವರೆಗೆ ಕೂರಿಸಿ ತಿಂಡಿ ಕೊಡಬಹುದಿತ್ತು. ನಮಗೆ ಬರೀ ಪಾರ್ಸಲ್. ಇಡ್ಲಿಯೇನೋ ಮನೆ ಸೇರುತ್ತಿತ್ತು. ದೋಸೆ ಪೊಟ್ಟಣದಲ್ಲೇ ಬೆವರಿ ಮೆತ್ತಗಾಗುತ್ತಿತ್ತು. ಸೋಂಕು ಹಾಗಿದ್ದಾಗ ಮೈಸೂರನ್ನು ತಡೆದದ್ದು ಸರಿಯೇ, ನನಗೆ ತಕರಾರಿಲ್ಲ.

ಆದರೆ ಶ್ರೀರಂಗಪಟ್ಟಣದಲ್ಲಿ ತಿಂಡಿ ತಿನ್ನುವವರು ಯಾರು? ಮೈಸೂರಿಗೆ ಹೋಗಿಬರುವವರು, ಗುಂಬಜ್, ದರಿಯಾ ದೌಲತ್ ನೋಡಲು ಬರುವವರು, ನಿಮಿಷಾಂಬ ದೇವಸ್ಥಾನದ ಭಕ್ತರು. ದೇವಸ್ಥಾನಗಳಲ್ಲಿ ದರ್ಶನ ಶುರುವಾದದ್ದು ಜುಲೈ 5ಕ್ಕೆ. ಶುಕ್ರವಾರ ಸಂಜೆಯಿಂದ ಸೋಮವಾರ ಬೆಳಗಿನವರೆಗೆ ಕರ್ಫ್ಯೂ ಬೇರೆ. ನಿಮ್ಮೂರಿಗೆ ಜನ ಬರುವುದೇ ಶನಿವಾರ, ಭಾನುವಾರ! ಆದೇಶ ಜಿಲ್ಲೆ ನೋಡಿ ಬಂತು, ಗಿರಾಕಿ ರಸ್ತೆ ಹಿಡಿದು ಬರಬೇಕಿತ್ತು. ಆ ರಸ್ತೆಯ ಮೈಸೂರಿನ ತುದಿ ಮುಚ್ಚಿತ್ತು. ನಿಮ್ಮಪ್ಪನ ಚಟ್ನಿ ಎಷ್ಟು ಚೆನ್ನಾಗಿದ್ದರೂ ಅದಕ್ಕೇನು ಮಾಡೀತು?

ಬಾಗಿಲು ತೆಗೆದ ದಿನದಿಂದಲೇ ಖರ್ಚು ಶುರು: ಹಿಟ್ಟು, ಗ್ಯಾಸು, ಹುಡುಗರ ಸಂಬಳ. ಮುಚ್ಚಿದ್ದಾಗಿನ ಬಾಡಿಗೆಗಿಂತ, ತೆರೆದೂ ಅರ್ಧ ಖಾಲಿಯಿದ್ದ ಆ ವಾರಗಳೇ ಸಣ್ಣ ಹೋಟೆಲುಗಳನ್ನು ಹೆಚ್ಚು ಮುರಿದವು ಅನ್ನುವುದು ನನ್ನ ತಿಳಿವಳಿಕೆ. ಆ ವರ್ಷದ ಮೇ 19ರಂದು ಸರ್ಕಾರ 1,250 ಕೋಟಿ ರೂಪಾಯಿ ಪ್ಯಾಕೇಜು ಘೋಷಿಸಿತು. ಆಟೋದವರಿಗೆ 3,000, ಬೀದಿಬದಿ ವ್ಯಾಪಾರಿಗಳಿಗೆ 2,000. ಒಳ್ಳೆಯದೇ. ಆದರೆ ಕೈ ಹಿಡಿಯಬೇಕಾದದ್ದು ಮುಚ್ಚಿದಾಗ ಮಾತ್ರವಲ್ಲ, ತೆರೆದ ಮೊದಲ ತಿಂಗಳಲ್ಲೂ. ಮುಂದೆ ಇಂಥ ಕಾಲ ಬಂದರೆ ಮೈಸೂರು, ಮಂಡ್ಯದ ಜಿಲ್ಲಾಧಿಕಾರಿಗಳು ಒಟ್ಟಿಗೆ ಕೂತು ನಿರ್ಧರಿಸಲಿ.

ಅಪ್ಪನ ಹತ್ತಿರ ಹಳೆಯ ಲೆಕ್ಕದ ಪುಸ್ತಕ ಇದ್ದರೆ ತೆಗೆಸಿ. 2019ರ ಜೂನ್‌ನ ಭಾನುವಾರಗಳ ವ್ಯಾಪಾರವನ್ನು ಅವರ ಎದುರೇ ಓದಿ ಹೇಳಿ.