ಕರೆಂಟ್ ಹೋದ ಮೇಲೆ ಕಣ್ಣು ಏನು ಮಾಡುತ್ತದೆ?

ಈ ಸಲ ಬಂದ ಪತ್ರಗಳಲ್ಲಿ ಮುಕ್ಕಾಲು ಪಾಲು ಕತ್ತಲೆಯ ಬಗ್ಗೆಯೇ ಇವೆ. ಮಳೆಗಾಲ, ಕರೆಂಟ್ ಇಲ್ಲ, ಕೂತು ಯೋಚಿಸಲು ಬೇಕಾದಷ್ಟು ಪುರುಸೊತ್ತು. ಐದು ಪತ್ರಗಳನ್ನು ಆರಿಸಿಕೊಂಡಿದ್ದೇನೆ. ಮೊದಲನೆಯದಕ್ಕೆ ಉದ್ದ ಉತ್ತರ ಕೊಟ್ಟರೆ ಉಳಿದವು ಅರ್ಧ ಅಲ್ಲೇ ಬಗೆಹರಿಯುತ್ತವೆ.

ಪ್ರಶ್ನೆ: ಸಂಜೆ ಕರೆಂಟ್ ಹೋದ ಕ್ಷಣ ಕಣ್ಣಿಗೆ ಬಟ್ಟೆ ಕಟ್ಟಿದ ಹಾಗಾಗುತ್ತದೆ. ಕಾಲು ಗಂಟೆ ಸುಮ್ಮನೆ ಕೂತರೆ ಕಿಟಕಿ, ಮೇಜು, ಕೊನೆಗೆ ಗೂಟಕ್ಕೆ ತೂಗುಹಾಕಿದ ಕೊಡೆಯೂ ಕಾಣುತ್ತದೆ. ಕಣ್ಣಿನ ಪಾಪೆ ದೊಡ್ಡದಾಗಲು ಅಷ್ಟು ಹೊತ್ತು ಬೇಕೆ? (ತೀರ್ಥಹಳ್ಳಿಯಿಂದ ಒಬ್ಬ ಶಿಕ್ಷಕಿ)

ಉತ್ತರ: ಬೇಡ ಮೇಡಂ. ಪಾಪೆಯ ಕೆಲಸ ಕೆಲವೇ ಸೆಕೆಂಡಿನಲ್ಲಿ ಹೆಚ್ಚುಕಡಿಮೆ ಮುಗಿದಿರುತ್ತದೆ. ಅನುಮಾನವಿದ್ದರೆ ಕನ್ನಡಿ ಮುಂದೆ ನಿಂತು ಒಂದು ಕಣ್ಣಿನ ಪಕ್ಕಕ್ಕೆ ಟಾರ್ಚ್ ತಂದು ಸರಿಸಿ ನೋಡಿ. ಕಪ್ಪು ವೃತ್ತ ಕುಗ್ಗುವುದೂ ಹಿಗ್ಗುವುದೂ ನಿಮ್ಮ ಕಣ್ಣೆದುರೇ ನಡೆಯುತ್ತದೆ.

ಅದಿರಲಿ, ಪಾಪೆಯಿಂದ ಸಿಗುವ ಲಾಭವಾದರೂ ಎಷ್ಟು? ಬಿಸಿಲಲ್ಲಿ ಅದರ ಅಡ್ಡಳತೆ ಸುಮಾರು 2 ಮಿಲಿಮೀಟರ್, ಗಾಢ ಕತ್ತಲಲ್ಲಿ ಎಳೆಯರಿಗೆ 7-8. ವಿಸ್ತೀರ್ಣದ ಲೆಕ್ಕ ಹಾಕಿದರೆ ಹೆಚ್ಚೆಂದರೆ 16 ಪಟ್ಟು ಬೆಳಕು ಒಳಗೆ ಬರುತ್ತದೆ. (ವಯಸ್ಸಾದ ಮೇಲೆ ಅಷ್ಟೂ ಹಿಗ್ಗುವುದಿಲ್ಲ.) ಇತ್ತ ನಡುಮಧ್ಯಾಹ್ನದ ಬಿಸಿಲು ಸುಮಾರು 1 ಲಕ್ಷ ಲಕ್ಸ್ (ಲಕ್ಸ್ ಎಂದರೆ ಬೆಳಕಿನ ಅಳತೆ), ಚಂದ್ರನಿಲ್ಲದ ರಾತ್ರಿಯ ನಕ್ಷತ್ರದ ಬೆಳಕು ಒಂದು ಲಕ್ಸಿನ ಸಾವಿರದಲ್ಲೊಂದು ಪಾಲು. ನಡುವಿನ ಅಂತರ 10 ಕೋಟಿ ಪಟ್ಟು. ಎರಡರಲ್ಲೂ ನಾವು ದಾರಿ ಕಂಡು ನಡೆಯುತ್ತೇವೆ. ಹದಿನಾರು ಪಟ್ಟು ಹಿಗ್ಗುವ ಕಿಂಡಿಯಿಂದ ಹತ್ತು ಕೋಟಿಯ ವ್ಯವಹಾರ ಸರಿದೂಗುವುದಿಲ್ಲ. ನಿಜವಾದ ಕೆಲಸ ಹಿಂದೆ, ಕಣ್ಣಿನ ಒಳಗೋಡೆಯ ಮೇಲೆ ಬಿಂಬ ಬೀಳುವ ಪದರವಾದ ರೆಟಿನಾದಲ್ಲಿ ನಡೆಯುತ್ತದೆ.

1876ರಲ್ಲಿ ಫ್ರಾಂಜ್ ಬೋಲ್ ಎಂಬ ಜರ್ಮನ್ ವಿಜ್ಞಾನಿ ರೋಮ್ ನಗರದಲ್ಲಿ ಕಪ್ಪೆಗಳ ಕಣ್ಣು ಬಿಡಿಸಿ ನೋಡುತ್ತಿದ್ದ. ಕತ್ತಲಲ್ಲಿ ಇಟ್ಟಿದ್ದ ಕಪ್ಪೆಯ ರೆಟಿನಾ ಕೆಂಪಗಿತ್ತು. ನೋಡನೋಡುತ್ತಿದ್ದಂತೆಯೇ ಬೆಳಕಿಗೆ ಬಣ್ಣ ಬಿಟ್ಟು ಬಿಳಿಚಿಕೊಂಡಿತು. ಬಿಸಿಲಿಗೆ ಒಣಹಾಕಿದ ಸೀರೆಯ ಬಣ್ಣವೂ ಹೀಗೇ ಹೋಗುತ್ತದೆ. ಆದರೆ ಸೀರೆಯ ಬಣ್ಣ ಹೋದರೆ ಹೋಯಿತು. ಜೀವಂತ ಕಣ್ಣಿನಲ್ಲಿ ಕತ್ತಲಾದರೆ ಬಣ್ಣ ಮರಳಿ ಬರುತ್ತದೆ. ಆ ಬಣ್ಣದ ಹೆಸರು ರೊಡಾಪ್ಸಿನ್.

ರೊಡಾಪ್ಸಿನ್‌ನಲ್ಲಿ ಒಂದು ಪ್ರೊಟೀನ್, ಅದರ ಮಡಿಲಲ್ಲಿ ವಿಟಮಿನ್ ಎಯಿಂದ ಆದ ಪುಟ್ಟ ಅಣು. ಈ ಅಣು ಬಾಗಿಕೊಂಡು ಕೂತಿರುತ್ತದೆ. ಬೆಳಕಿನ ಒಂದು ಕಣ ಬಡಿದರೆ ಸಾಕು, ನೆಟ್ಟಗಾಗುತ್ತದೆ. ‘ಕಂಡಿತು’ ಎಂಬ ಸುದ್ದಿ ಹೊರಡುವುದು ಅಲ್ಲಿಂದ. ಆದರೆ ಒಮ್ಮೆ ನೆಟ್ಟಗಾದ ಅಣು ಕೂತಲ್ಲೇ ಮತ್ತೆ ಬಾಗುವುದಿಲ್ಲ. ಮದುವೆ ಊಟದ ಪಂಕ್ತಿಯನ್ನು ನೆನಪಿಸಿಕೊಳ್ಳಿ. ಮೊದಲ ಪಂಕ್ತಿ ಎದ್ದ ಕೂಡಲೇ ಎರಡನೆಯವರು ಕೂರಲಾಗುವುದಿಲ್ಲ. ಎಂಜಲೆಲೆ ತೆಗೆಯಬೇಕು, ನೆಲ ಒರೆಸಬೇಕು, ಒಳಗಿನಿಂದ ಹೊಸ ಎಲೆ ಬರಬೇಕು. ಹಾಗೆಯೇ ಬಳಸಿದ ಅಣು ಪ್ರೊಟೀನಿನಿಂದ ಕಳಚಿಕೊಂಡು, ರೆಟಿನಾದ ಬೆನ್ನಿಗಿರುವ ಇನ್ನೊಂದು ಪದರಕ್ಕೆ ಹೋಗಿ, ಅಲ್ಲಿ ಮತ್ತೆ ಬಾಗಿಸಿಕೊಂಡು ಹಿಂದಿರುಗಬೇಕು. ನೀವು ಕತ್ತಲಲ್ಲಿ ಕಾಯುವ ಕಾಲು ಗಂಟೆ ಈ ಓಡಾಟದ್ದು.

ಇನ್ನೂ ಒಂದು ಸಂಗತಿಯಿದೆ, ಅದೇ ಮುಖ್ಯ. ನಮ್ಮ ಒಂದೊಂದು ಕಣ್ಣಿನಲ್ಲೂ ಎರಡೆರಡು ಕಣ್ಣುಗಳಿವೆ ಎನ್ನಬಹುದು. ಹಗಲಿನದು ಶಂಕುಕೋಶಗಳದ್ದು: ಸುಮಾರು 60 ಲಕ್ಷ, ಬಣ್ಣ ತಿಳಿಯುತ್ತವೆ, ಅಕ್ಷರ ಓದುತ್ತವೆ, ಆದರೆ ಧಾರಾಳ ಬೆಳಕು ಬೇಕು. ರಾತ್ರಿಯದು ರೊಡಾಪ್ಸಿನ್ ತುಂಬಿದ ದಂಡಕೋಶಗಳದ್ದು: 9 ಕೋಟಿಗೂ ಮೇಲೆ, ಬಣ್ಣದ ಗಂಧಗಾಳಿಯಿಲ್ಲ, ಓದಲು ಬಾರದು, ಆದರೆ ಚೂರು ಬೆಳಕು ಸಿಕ್ಕರೂ ಬಿಡುವುದಿಲ್ಲ. ಕತ್ತಲಾದಾಗ ಶಂಕುಕೋಶಗಳು ಬೇಗ ಸುಧಾರಿಸಿಕೊಳ್ಳುತ್ತವೆ. ಎಂಟು-ಹತ್ತು ನಿಮಿಷಕ್ಕೆ ಅವುಗಳ ಶಕ್ತಿ ಅಷ್ಟೇ ಎಂದು ನಿಂತುಬಿಡುತ್ತದೆ. ಅಲ್ಲಿಂದ ಮುಂದೆ ದಂಡಕೋಶಗಳ ಪಾಳಿ. ಅವು ಪೂರ್ತಿ ಸಜ್ಜಾಗಲು ಅರ್ಧ ಗಂಟೆಯಿಂದ ಮುಕ್ಕಾಲು ಗಂಟೆ ಹಿಡಿಯುತ್ತದೆ. ಕಿಟಕಿ ಮೊದಲು ಕಂಡು ಕೊಡೆ ಕೊನೆಗೆ ಕಂಡಿತು ಎಂದಿರಲ್ಲ, ಕೊಡೆಯನ್ನು ತೋರಿಸಿದ್ದು ಬಹುಶಃ ಎರಡನೇ ಪಾಳಿಯವರು.

ಈ ರಾತ್ರಿಪಾಳಿಯವರ ಸೂಕ್ಷ್ಮತೆ ಎಷ್ಟು ಎಂಬುದನ್ನು 1942ರಲ್ಲಿ ನ್ಯೂಯಾರ್ಕಿನ ಕೊಲಂಬಿಯಾ ವಿಶ್ವವಿದ್ಯಾಲಯದ ಸೆಲಿಗ್ ಹೆಕ್ಟ್ ಮತ್ತು ಇಬ್ಬರು ಸಹೋದ್ಯೋಗಿಗಳು ಅಳೆದರು. ಕತ್ತಲಿಗೆ ಚೆನ್ನಾಗಿ ಹೊಂದಿಕೊಂಡ ಕಣ್ಣಿಗೆ ಒಂದು ಮಿಲಿಸೆಕೆಂಡಿನ ಹಸಿರು-ನೀಲಿ ಮಿಂಚು ತೋರಿಸಿ ‘ಕಂಡಿತೆ?’ ಎಂದು ಕೇಳುವುದು, ಅಷ್ಟೇ. ಕಣ್ಣಿನ ಬಾಗಿಲಿಗೆ 54ರಿಂದ 148 ಬೆಳಕಿನ ಕಣ ಬಂದರೆ ಸಾಕು, ಕಾಣುತ್ತಿತ್ತು. ದಾರಿಯಲ್ಲಿ ಸೋರಿಹೋಗುವುದೇ ಹೆಚ್ಚು; ಕೊನೆಗೆ ಕೋಶಗಳು ಹಿಡಿಯುವುದು 5ರಿಂದ 14. ಅವು ಸುಮಾರು 500 ದಂಡಕೋಶಗಳ ಮೇಲೆ ಚದುರಿ ಬೀಳುವುದರಿಂದ ಒಂದೇ ಕೋಶಕ್ಕೆ ಎರಡು ಕಣ ಸಿಗುವ ಸಂಭವ ತೀರಾ ಕಡಿಮೆ. ಅಂದರೆ ಒಂದು ದಂಡಕೋಶಕ್ಕೆ ಬೆಳಕಿನ ಒಂದೇ ಒಂದು ಕಣ ಸಾಕು. ಬೆಳಕಿನಲ್ಲಿ ಅದಕ್ಕಿಂತ ಸಣ್ಣದು ಇಲ್ಲ. ನಾನು ಓದಿದ ಶರೀರಶಾಸ್ತ್ರದಲ್ಲಿ ಇಷ್ಟು ಅಚ್ಚುಕಟ್ಟಾದ ಪ್ರಯೋಗ ಇನ್ನೊಂದಿಲ್ಲ.

ಆದ್ದರಿಂದ ಇನ್ನು ಮುಂದೆ ಕಷ್ಟಪಟ್ಟು ಕತ್ತಲಿಗೆ ಒಗ್ಗಿಸಿಕೊಂಡ ಕಣ್ಣಿನ ಮೇಲೆ ಯಾರಾದರೂ ಮೊಬೈಲ್ ಟಾರ್ಚ್ ಬಿಟ್ಟರೆ ಬೈಯುವ ಹಕ್ಕು ನಿಮಗಿದೆ.

ಪ್ರಶ್ನೆ: ರಾತ್ರಿ ದೀಪ ಆರಿಸಿ, ಮಗ್ಗುಲಾಗಿ ಮಲಗಿ ಮೊಬೈಲ್ ನೋಡುವ ಚಟ. ಮೊನ್ನೆ ನೀರು ಕುಡಿಯಲು ಎದ್ದರೆ ಬಲಗಣ್ಣು ಕಾಣುತ್ತಲೇ ಇರಲಿಲ್ಲ! ಹತ್ತು ನಿಮಿಷದಲ್ಲಿ ಸರಿಹೋಯಿತು. ಲಕ್ವದ ಮುನ್ಸೂಚನೆಯೇ? ಮನೆಯಲ್ಲಿ ಹೇಳಿಲ್ಲ. (ಹುಬ್ಬಳ್ಳಿಯ ಓದುಗರು)

ಉತ್ತರ: ಎಡಮಗ್ಗುಲಾಗಿ ಮಲಗಿದ್ದಿರಿ, ಎಡಗಣ್ಣು ದಿಂಬಿನಲ್ಲಿ ಹುದುಗಿತ್ತು, ಅಲ್ಲವೆ? ಹೌದಾದರೆ ಉತ್ತರ ಮೇಲೆಯೇ ಇದೆ. ಕತ್ತಲಿಗೆ ಹೊಂದಿಕೊಳ್ಳುವ ಕೆಲಸ ಒಂದೊಂದು ಕಣ್ಣಿನ ರೆಟಿನಾದಲ್ಲೂ ಬೇರೆಬೇರೆಯಾಗಿ ನಡೆಯುತ್ತದೆ, ಒಂದರ ಸುದ್ದಿ ಇನ್ನೊಂದಕ್ಕಿಲ್ಲ. ನಿಮ್ಮ ಎಡಗಣ್ಣು ದಿಂಬಿನೊಳಗೆ ರಾತ್ರಿಪಾಳಿಗೆ ಸಜ್ಜಾಗಿತ್ತು, ಬಲಗಣ್ಣು ಪರದೆಯ ಬೆಳಕಲ್ಲಿ ಹಗಲಲ್ಲೇ ಇತ್ತು. ಎದ್ದು ನಿಂತಾಗ ಹಗಲಿನ ಕಣ್ಣಿಗೆ ಕತ್ತಲ ಕೋಣೆ ಕಾಣಲಿಲ್ಲ. 2016ರಲ್ಲಿ ಲಂಡನ್ನಿನ ವೈದ್ಯರು ಇಂಥದೇ ತೊಂದರೆಯ ಇಬ್ಬರು ಮಹಿಳೆಯರ ವರದಿ ಪ್ರಕಟಿಸಿದ್ದರು. ಸ್ಕ್ಯಾನು, ರಕ್ತಪರೀಕ್ಷೆ ಎಲ್ಲ ಮುಗಿದ ಮೇಲೆ ‘ಆಗ ನೀವು ಏನು ಮಾಡುತ್ತಿದ್ದಿರಿ?’ ಎಂದು ಕೇಳಿದಾಗ ಗುಟ್ಟು ಬಯಲಾಯಿತು.

ಇವತ್ತು ರಾತ್ರಿ ಎರಡೂ ಕಣ್ಣು ತೆರೆದು ಮೊಬೈಲ್ ನೋಡಿ, ಎದ್ದು ಪರೀಕ್ಷಿಸಿ. ಒಂದೇ ಕಣ್ಣಿನ ತೊಂದರೆ ಮರುಕಳಿಸಬಾರದು. ಮರುಕಳಿಸಿದರೆ, ಅಥವಾ ಹಗಲಲ್ಲಿ ಎಂದಾದರೂ ಒಂದು ಕಣ್ಣಿಗೆ ಪರದೆ ಇಳಿದ ಹಾಗಾದರೆ, ತಕ್ಷಣ ಕಾಣುವಂತೆ ಆದರೂ ಸರಿ, ಅದೇ ದಿನ ಆಸ್ಪತ್ರೆಗೆ ಹೋಗಿ. ಅದು ನಿಜಕ್ಕೂ ಲಕ್ವದ ಮುನ್ಸೂಚನೆ ಇರಬಹುದು. ಮನೆಯಲ್ಲಿ ಹೇಳಿ.

ಪ್ರಶ್ನೆ: ಮಗಳ ಧಾರೆಯಾದ ಮೇಲೆ ಪುರೋಹಿತರು ಹಗಲು ಹನ್ನೊಂದು ಗಂಟೆಗೆ ಕಲ್ಯಾಣ ಮಂಟಪದ ಬಾಗಿಲಲ್ಲಿ ನಿಲ್ಲಿಸಿ ‘ಅಗೋ ಅರುಂಧತಿ’ ಎಂದರು. ಅಳಿಯ ‘ಕಾಣ್ತು’ ಎಂದ. ನಾನು ಆಮೇಲೆ ಊರಲ್ಲಿ ರಾತ್ರಿ ನಿಜವಾಗಿ ಹುಡುಕಿದೆ. ದಿಟ್ಟಿಸಿದಷ್ಟೂ ಮಾಯ, ಕಣ್ಣು ಸ್ವಲ್ಪ ಆಚೆ ಹೊರಳಿಸಿದರೆ ಇಣುಕುತ್ತಾಳೆ. ಕನ್ನಡಕದ ನಂಬರ್ ಬದಲಾಗಿದೆಯೆ? (ಹಾಸನದ ನಿವೃತ್ತ ನೌಕರರು)

ಉತ್ತರ: ಅಳಿಯಂದಿರು ಜಾಣರು, ಸಂಸಾರ ಚೆನ್ನಾಗಿ ನಡೆಯುತ್ತದೆ.

ನಂಬರ್ ಪರೀಕ್ಷೆ ಹೇಗೂ ಮಾಡಿಸಿ. ಆದರೆ ನೀವು ಹೇಳುವ ಲಕ್ಷಣ ಕನ್ನಡಕದ್ದಲ್ಲ. ಸಪ್ತರ್ಷಿಗಳ ಬಾಲದಲ್ಲಿ ವಸಿಷ್ಠನಿಗೂ ಅರುಂಧತಿಗೂ ನಡುವಿನ ಅಂತರ ಸುಮಾರು 12 ಕಲೆ (ಒಂದು ಡಿಗ್ರಿಗೆ 60 ಕಲೆ), ಹುಣ್ಣಿಮೆ ಚಂದ್ರನ ಅಗಲದ ಅರ್ಧಕ್ಕಿಂತ ತುಸು ಕಡಿಮೆ. ಆರೋಗ್ಯವಂತ ಕಣ್ಣು ಒಂದು ಕಲೆಯಷ್ಟು ಹತ್ತಿರದ ಚುಕ್ಕಿಗಳನ್ನೂ ಬಿಡಿಸಿ ನೋಡಬಲ್ಲದು. ಹಾಗಾಗಿ ಇಬ್ಬರೂ ಹತ್ತಿರವಿದ್ದಾರೆ ಎಂಬುದು ತೊಡಕಲ್ಲ. ಅರುಂಧತಿ ವಸಿಷ್ಠನಿಗಿಂತ ಐದಾರು ಪಟ್ಟು ಮಸುಕು, ತೊಡಕಿರುವುದು ಅಲ್ಲಿ. ಆಕಾಶದಲ್ಲಿ ಸ್ವಲ್ಪ ಮಂಜೋ ಪೇಟೆಯ ದೀಪಗಳ ಬೆಳಕೋ ಸೇರಿದರೆ ಅವಳು ಹಗಲಿನ ಕಣ್ಣಿನ ಶಕ್ತಿಯ ಅಂಚಿಗೆ ಸರಿಯುತ್ತಾಳೆ.

ನಾವು ಯಾವುದನ್ನಾದರೂ ದಿಟ್ಟಿಸಿದಾಗ ಅದರ ಬಿಂಬ ಬೀಳುವುದು ರೆಟಿನಾದ ನಡುವಿನ ಫೋವಿಯಾ ಎಂಬ ಗುಳಿಗೆ. ಅಲ್ಲಿ ಶಂಕುಕೋಶಗಳು ಒತ್ತೊತ್ತಾಗಿ ತುಂಬಿವೆ, ದಂಡಕೋಶ ಒಂದೂ ಇಲ್ಲ. ಓದಲು ಪ್ರಶಸ್ತ ಜಾಗ. ಮಸುಕು ಚುಕ್ಕಿಗೆ ಕುರುಡು. ಕಣ್ಣು ಹೊರಳಿಸಿದಾಗ ಬಿಂಬ ಗುಳಿಯಿಂದಾಚೆ ಜಾರಿ ದಂಡಕೋಶಗಳ ಮೇಲೆ ಬೀಳುತ್ತದೆ, ಅರುಂಧತಿ ಇಣುಕುತ್ತಾಳೆ.

ನಮ್ಮಲ್ಲಿ ಸ್ಥೂಲಾರುಂಧತೀ ನ್ಯಾಯ ಎಂಬ ಮಾತಿದೆ: ಸಣ್ಣ ನಕ್ಷತ್ರ ತೋರಿಸಲು ಮೊದಲು ಪಕ್ಕದ ದೊಡ್ಡದನ್ನು ತೋರಿಸು, ಆಮೇಲೆ ಅಲ್ಲಿಂದ ಕರೆದೊಯ್ಯಿ. ಜಾಗ ಹುಡುಕಲು ಇದು ಸರಿಯಾದ ದಾರಿ. ಆದರೆ ವಸಿಷ್ಠನ ಮೇಲೆ ಕಣ್ಣಿಟ್ಟರೆ ಅರುಂಧತಿಯೂ ಅದೇ ದಂಡಕೋಶವಿಲ್ಲದ ಗುಳಿಯಲ್ಲೇ ಬೀಳುತ್ತಾಳೆ. ಆ ಜಾಗ ಎರಡು ಚಂದ್ರರಿಗಿಂತ ಅಗಲವಾಗಿದೆ. ತೀರಾ ದೂರ, ದಂಡಕೋಶಗಳು ಅತಿ ದಟ್ಟವಾಗಿರುವ ಇಪ್ಪತ್ತು ಡಿಗ್ರಿಯ ಹತ್ತಿರ ಹೋದರೂ ಪ್ರಯೋಜನವಿಲ್ಲ. ಅಲ್ಲಿ ನೂರಾರು ಕೋಶಗಳು ಸೇರಿ ಒಂದೇ ವರದಿ ಕಳಿಸುವುದರಿಂದ ಗಂಡಹೆಂಡತಿ ಕಲೆಸಿಹೋಗುತ್ತಾರೆ. ನಡುದಾರಿ ಹೇಳುತ್ತೇನೆ: ವಸಿಷ್ಠನಿಗೂ, ಬಾಲದಲ್ಲೇ ಬೋಗುಣಿಯ (ನಾಲ್ಕು ನಕ್ಷತ್ರಗಳ ಚೌಕದ) ಕಡೆಗಿರುವ ಅಂಗಿರಸನಿಗೂ ನಡುವೆ ಖಾಲಿ ಜಾಗವಿದೆ, ಅಲ್ಲಿ ಕಣ್ಣಿಟ್ಟು ಗಮನವನ್ನು ಮಾತ್ರ ಅರುಂಧತಿಯತ್ತ ಕಳಿಸಿ. ಅದಕ್ಕೆ ಮೊದಲು ಅರ್ಧ ಗಂಟೆ ದೀಪ ನೋಡಬೇಡಿ. ನಮ್ಮಲ್ಲಿ ಏಪ್ರಿಲ್‌ನಿಂದ ಜೂನ್‌ವರೆಗೆ ಸಂಜೆ ಉತ್ತರಕ್ಕೆ ನಿಂತರೆ ಸಪ್ತರ್ಷಿಗಳು ಚೆನ್ನಾಗಿ ಎತ್ತರದಲ್ಲಿರುತ್ತಾರೆ.

ಪ್ರಶ್ನೆ: ಹೊತ್ತು ಮುಳುಗಿದ ಮೇಲೆ ಅಂಗಳದ ಕೆಂಪು ದಾಸವಾಳ ಕಪ್ಪಗೆ ಕಾಣುತ್ತದೆ, ಅದರ ಎಲೆಗಳೇ ಹೂವಿಗಿಂತ ಬೆಳ್ಳಗಿರುತ್ತವೆ. ಹಗಲಲ್ಲಿ ತದ್ವಿರುದ್ಧ. ಯಾಕೆ? (ಪುತ್ತೂರಿನ ವಿದ್ಯಾರ್ಥಿನಿ)

ಉತ್ತರ: ಭೇಷ್! ಝೆಕ್ ವಿಜ್ಞಾನಿ ಯಾನ್ ಪುರ್ಕಿನ್ಯೆ 1825ರಲ್ಲಿ ಬರೆದಿಟ್ಟದ್ದನ್ನು ನೀನು ಅಂಗಳದಲ್ಲೇ ಕಂಡುಹಿಡಿದಿದ್ದೀಯ. ಹಗಲಿನ ಕಣ್ಣಿಗೆ ಎಲ್ಲಕ್ಕಿಂತ ಪ್ರಕಾಶವಾಗಿ ಕಾಣುವುದು ಹಸಿರು-ಹಳದಿ, ಸುಮಾರು 555 ನ್ಯಾನೋಮೀಟರ್ ಅಲೆಯುದ್ದದ ಬೆಳಕು. ರಾತ್ರಿಯ ಕಣ್ಣಿಗೆ ಅದು 507ಕ್ಕೆ, ಅಂದರೆ ನೀಲಿಯ ಕಡೆಗೆ ಸರಿಯುತ್ತದೆ. ದಾಸವಾಳದ ಕೆಂಪು ಬೆಳಕನ್ನು ದಂಡಕೋಶಗಳು ಹಿಡಿಯುವುದೇ ಇಲ್ಲ ಎನ್ನಬಹುದು. ಹೂವು ಕಪ್ಪಾಗಿಲ್ಲ, ನೋಡುವವರು ಬದಲಾಗಿದ್ದಾರೆ. ನಕ್ಷತ್ರ ವೀಕ್ಷಕರು ಕೆಂಪು ಟಾರ್ಚ್ ಇಟ್ಟುಕೊಳ್ಳುವುದೂ ಇದಕ್ಕೇ: ನಕ್ಷೆ ಓದಬಹುದು, ದಂಡಕೋಶಗಳ ಸಿದ್ಧತೆ ಕೆಡುವುದಿಲ್ಲ. ಬೆಳದಿಂಗಳ ತಣ್ಣನೆಯ ನೀಲಿಯೂ ಬಹುಮಟ್ಟಿಗೆ ನಮ್ಮ ಕಣ್ಣಿನದೇ. ಬೆಳದಿಂಗಳು ಚಂದ್ರನ ಮೇಲೆ ಬಿದ್ದು ಬಂದ ಬಿಸಿಲೇ ತಾನೆ? ಕ್ಯಾಮೆರಾದ ಕಣ್ಣನ್ನು ಸಾಕಷ್ಟು ಹೊತ್ತು ತೆರೆದಿಟ್ಟು ಫೋಟೊ ತೆಗೆದರೆ ಎಲೆ ಹಸಿರಾಗಿ, ದಾಸವಾಳ ಕೆಂಪಾಗಿ ಬರುತ್ತದೆ.

ಹೂವು ನೋಡುತ್ತಾ ಕಣ್ಣಿನ ಬಗ್ಗೆ ತಲೆಕೆಡಿಸಿಕೊಂಡ ಇನ್ನೊಬ್ಬರು ನಮ್ಮ ಬೆಂಗಳೂರಿನಲ್ಲೇ ಇದ್ದರು. ಸರ್ ಸಿ.ವಿ. ರಾಮನ್ 1960ರ ದಶಕದಲ್ಲಿ, ಎಪ್ಪತ್ತು ದಾಟಿದ ಮೇಲೆ, ಹೂವಿನ ಬಣ್ಣ ಮತ್ತು ಬಣ್ಣದ ಅರಿವಿನ ಬಗ್ಗೆ ಸಾಲುಸಾಲಾಗಿ ಬರೆದರು. ಮೂರು ಬಗೆಯ ಶಂಕುಕೋಶಗಳಿಂದ ಎಲ್ಲ ಬಣ್ಣ ಹುಟ್ಟುತ್ತವೆ ಎಂಬ ಸಿದ್ಧಾಂತವನ್ನು ಅವರು ಒಪ್ಪಲೇ ಇಲ್ಲ. ಅದೇ ದಶಕದಲ್ಲಿ, 1964ರಲ್ಲಿ, ಅಮೆರಿಕದ ಪ್ರಯೋಗಾಲಯಗಳಲ್ಲಿ ಒಂಟಿ ಶಂಕುಕೋಶಗಳ ಮೂಲಕ ಬೆಳಕು ಹಾಯಿಸಿ ಮೂರು ಬಗೆ ಇರುವುದನ್ನು ಅಳೆದು ತೋರಿಸಿದರು. ಈ ವಿಷಯದಲ್ಲಿ ರಾಮನ್ ಹೇಳಿದ್ದು ತಪ್ಪು. ಆದರೂ ಆ ವಯಸ್ಸಿನಲ್ಲಿ ಕೈಯಲ್ಲಿ ಹೂವು ಹಿಡಿದು ತನ್ನ ಕಣ್ಣಿಂದಲೇ ನೋಡಿ ತಿಳಿಯಬೇಕು ಎಂಬ ಅವರ ಹಟ ನನಗೆ ಇಷ್ಟ.

ಪ್ರಶ್ನೆ: ದಿನಾ ಕ್ಯಾರೆಟ್ ಜ್ಯೂಸ್ ಕುಡಿದರೆ ಕನ್ನಡಕ ಬಿಡಬಹುದೆ? ಮೈನಸ್ ಮೂರು ಇದೆ. (ಬೆಂಗಳೂರು)

ಉತ್ತರ: ಆಗದು. ಮೈನಸ್ ನಂಬರಿಗೆ ಸಾಮಾನ್ಯವಾಗಿ ಕಾರಣ ಕಣ್ಣುಗುಡ್ಡೆ ತುಸು ಉದ್ದವಾಗಿರುವುದು. ಜ್ಯೂಸ್ ಅದನ್ನು ಗಿಡ್ಡ ಮಾಡುವುದಿಲ್ಲ. ಕ್ಯಾರೆಟ್ಟಿಗೆ ಆ ಹೆಸರು ಬಂದದ್ದು ರೊಡಾಪ್ಸಿನ್ನಿಗೆ ಬೇಕಾದ ವಿಟಮಿನ್ ಎಯಿಂದ. ಅದರ ಕೊರತೆಯಾದರೆ ಮೊದಲು ಸೋಲುವುದು ರಾತ್ರಿಪಾಳಿ: ಇರುಳುಗುರುಡು. ನುಗ್ಗೆಸೊಪ್ಪು, ಹರಿವೆಸೊಪ್ಪು, ಪಪ್ಪಾಯಿಯಲ್ಲೂ ಇದಕ್ಕೆ ಬೇಕಾದ್ದು ಧಾರಾಳವಾಗಿದೆ. ಸೊಪ್ಪಿಗೆ ಒಂದು ಚಮಚ ಎಣ್ಣೆಯ ಒಗ್ಗರಣೆ ಬಿದ್ದರೆ ಮೈಗೆ ಚೆನ್ನಾಗಿ ಹತ್ತುತ್ತದೆ. ಮಕ್ಕಳಿಗೆ 9 ತಿಂಗಳಿಗೆ ಮೊದಲ ವಿಟಮಿನ್ ಎ ಹನಿ, ಆಮೇಲೆ 5 ವರ್ಷದವರೆಗೆ ಆರಾರು ತಿಂಗಳಿಗೊಮ್ಮೆ, ಒಟ್ಟು 9 ಸಲ ಸರ್ಕಾರವೇ ಉಚಿತವಾಗಿ ಕೊಡುತ್ತದೆ. ತಾಯಿ ಕಾರ್ಡ್ ತೆಗೆದು ಎಷ್ಟು ಆಗಿದೆ ನೋಡಿ.

ಊಟತಿಂಡಿಗೆ ಕೊರತೆಯಿಲ್ಲದ ಮನೆಯ ಹುಡುಗ ಮುಸ್ಸಂಜೆಯಲ್ಲಿ ಮಾತ್ರ ಹೊಸ್ತಿಲು ಎಡವುತ್ತಿದ್ದರೆ, ಅಪ್ಪ-ಅಮ್ಮನದು ಸೋದರಮಾವನನ್ನೋ ಅತ್ತೆಯ ಮಗನನ್ನೋ ಮಾಡಿಕೊಂಡ ಮದುವೆಯಾಗಿದ್ದರೆ, ಕ್ಯಾರೆಟ್ ನೆಚ್ಚಿಕೊಂಡು ಕೂರಬೇಡಿ. ದಂಡಕೋಶಗಳೇ ಒಂದೊಂದಾಗಿ ಸಾಯುವ ರೆಟಿನೈಟಿಸ್ ಪಿಗ್‌ಮೆಂಟೋಸಾ ಎಂಬ ವಂಶಪಾರಂಪರ್ಯ ಕಾಯಿಲೆ ಇಂಥ ಮನೆಗಳಲ್ಲಿ ಕಾಣಿಸಿಕೊಳ್ಳುವುದು ಹೆಚ್ಚು. ರೆಟಿನಾ ವೈದ್ಯರ ಹತ್ತಿರ ಕರೆದೊಯ್ಯಿರಿ. ಹೋಗುವಾಗ ಅವನ ಅಕ್ಕತಂಗಿ, ಅಣ್ಣತಮ್ಮಂದಿರನ್ನೂ ಜೊತೆಗೆ ಕರೆದುಕೊಂಡು ಹೋಗಿ.