ದೂರದರ್ಶಕವಿಲ್ಲದೆ ಸಮರ್ಕಂದ್‌ನವರು ವರ್ಷದ ಉದ್ದವನ್ನು ಅಳೆದದ್ದು ಹೇಗೆ?

ನೀವು ಕೇಳಿದ್ದು ಎರಡು ಸಂಗತಿ. ಮಧ್ಯ ಏಷ್ಯಾದ ಸಮರ್ಕಂದ್‌ನಲ್ಲಿ 15ನೇ ಶತಮಾನದ ದೊರೆ ಉಲುಗ್ ಬೇಗ್‌ನ ಪಂಡಿತರು ವರ್ಷದ ಉದ್ದವನ್ನು ಅಷ್ಟು ನಿಖರವಾಗಿ ಹೇಗೆ ಹಿಡಿದರು? ಮದರಸಾ ಎಂದರೆ ಧರ್ಮಶಾಸ್ತ್ರದ ಶಾಲೆಯಲ್ಲವೇ, ಅಲ್ಲಿ ಗಣಿತಕ್ಕೇನು ಕೆಲಸ? ಮೊದಲು ಯಂತ್ರದ ವಿಷಯ ಹೇಳುತ್ತೇನೆ, ಎರಡನೆಯದಕ್ಕೆ ಉತ್ತರ ಅದರೊಳಗಿಂದಲೇ ಬರುತ್ತದೆ.

1420ರ ದಶಕದಲ್ಲಿ ಉಲುಗ್ ಬೇಗ್ ಕಟ್ಟಿಸಿದ ವೀಕ್ಷಣಾಲಯದ ಮುಖ್ಯ ಯಂತ್ರ ಉತ್ತರ-ದಕ್ಷಿಣವಾಗಿ ನಿಂತ ಒಂದು ಕಮಾನು. ವೃತ್ತದ ಆರನೇ ಒಂದು ಭಾಗ, ಅಂದರೆ 60 ಡಿಗ್ರಿ. ತ್ರಿಜ್ಯ ಸುಮಾರು 40 ಮೀಟರ್. ಕೆಳಭಾಗವನ್ನು ಗುಡ್ಡದ ಬಂಡೆಯೊಳಗೆ ಕೊರೆದು ಇಳಿಸಿದ್ದಾರೆ, ಮೇಲ್ಮೈಗೆ ಅಮೃತಶಿಲೆ ಹೊದಿಸಿದ್ದಾರೆ. ಕಮಾನಿನ ಕೇಂದ್ರಬಿಂದುವಿನಲ್ಲಿ, ಎತ್ತರದಲ್ಲಿ, ಒಂದು ಸಣ್ಣ ರಂಧ್ರ. ನಡುಮಧ್ಯಾಹ್ನ ಬಿಸಿಲು ಅದರಲ್ಲಿ ತೂರಿ ಬಂದು ಕಮಾನಿನ ಮೇಲೆ ಸೂರ್ಯನ ಬಿಂಬವಾಗಿ ಬೀಳುತ್ತದೆ. ಬಿಂಬ ಬಿದ್ದ ಗೆರೆಯೇ ಆ ದಿನದ ಸೂರ್ಯನ ಎತ್ತರ.

ಇಷ್ಟು ದೊಡ್ಡದಾಗಿ ಏಕೆ ಕಟ್ಟಬೇಕು? 40 ಮೀಟರ್ ತ್ರಿಜ್ಯದಲ್ಲಿ ಒಂದು ಡಿಗ್ರಿ ಸುಮಾರು 70 ಸೆಂ.ಮೀ. ಉದ್ದವಾಗುತ್ತದೆ. ಡಿಗ್ರಿಯ 60ನೇ ಒಂದು ಭಾಗವಾದ ಕಲೆ ಸುಮಾರು 12 ಮಿ.ಮೀ. ಅದರ 60ನೇ ಒಂದು ಭಾಗವಾದ ವಿಕಲೆ ಮಾತ್ರ 0.2 ಮಿ.ಮೀ., ಅದು ಬರಿಗಣ್ಣಿಗೆ ಸಿಕ್ಕುವುದಿಲ್ಲ. ಐದು ವಿಕಲೆಯಾದರೆ ಒಂದು ಮಿ.ಮೀ., ಅದನ್ನು ಗುರುತಿಸಬಹುದು. ಆದರೆ ಬಿಂಬವೇ ಸುಮಾರು 37 ಸೆಂ.ಮೀ. ಅಗಲವಿದ್ದು ಅಂಚು ಮಸುಕಾಗಿರುತ್ತದೆ. ಹಾಗಾಗಿ ಮೇಲಂಚು, ಕೆಳಂಚು ಎರಡನ್ನೂ ಗುರುತು ಹಾಕಿ ನಡುವನ್ನು ತೆಗೆಯಬೇಕು. ರಂಧ್ರ ದೊಡ್ಡದಾದರೆ ಅಂಚು ಹರಡುತ್ತದೆ, ತೀರಾ ಚಿಕ್ಕದಾದರೆ ಬಿಂಬ ಮಂಕಾಗುತ್ತದೆ.

ಜೂನ್‌ನ ಅತಿ ಉದ್ದದ ಹಗಲಿನಂದು ಅಲ್ಲಿ ಸೂರ್ಯ ಸುಮಾರು 74 ಡಿಗ್ರಿ ಏರುತ್ತಾನೆ, ಡಿಸೆಂಬರ್‌ನ ಅತಿ ಚಿಕ್ಕ ಹಗಲಿನಂದು ಸುಮಾರು 27 ಡಿಗ್ರಿ. ಕಮಾನಿನ ಮೇಲೆ ಈ ಎರಡು ಗುರುತುಗಳ ನಡುವೆ 33 ಮೀಟರ್ ಅಂತರ! ವ್ಯತ್ಯಾಸದ ಅರ್ಧ ತೆಗೆದರೆ ಭೂಮಿಯ ಅಕ್ಷದ ಓರೆ ಸಿಗುತ್ತದೆ. ಅವರು ಕೊಟ್ಟ ಬೆಲೆ 23 ಡಿಗ್ರಿ 30 ಕಲೆ 17 ವಿಕಲೆ. ಅಂದಿನ ನಿಜವಾದ ಬೆಲೆಗೂ ಇದಕ್ಕೂ ಅರ್ಧ ಕಲೆಯಷ್ಟೇ ವ್ಯತ್ಯಾಸ.

ವರ್ಷದ ಉದ್ದಕ್ಕೆ ಮಾತ್ರ ಈ ದಿನಗಳು ಉಪಯೋಗಕ್ಕೆ ಬರುವುದಿಲ್ಲ, ಅನೇಕರು ತಪ್ಪು ತಿಳಿಯುವುದು ಇಲ್ಲಿಯೇ. ಆ ದಿನಗಳ ಆಸುಪಾಸಿನಲ್ಲಿ ಸೂರ್ಯನ ಎತ್ತರ ಬದಲಾಗುವುದೇ ಇಲ್ಲ ಎನ್ನುವಷ್ಟು ಕಡಿಮೆ, ಕ್ಷಣ ಯಾವುದೆಂದು ಹೇಳಲಾಗದು. ಹಗಲು-ರಾತ್ರಿ ಸಮವಾಗುವ ವಿಷುವದ ಹೊತ್ತಿಗೆ ಹಾಗಲ್ಲ. ದಿನಕ್ಕೆ 24 ಕಲೆ ಬದಲಾಗುತ್ತದೆ, ಅಂದರೆ ಬಿಂಬ ಇಂದಿನಿಂದ ನಾಳೆಗೆ 28 ಸೆಂ.ಮೀ. ಸರಿಯುತ್ತದೆ. ಎರಡು ಮಧ್ಯಾಹ್ನಗಳ ಗುರುತಿನ ನಡುವೆ ವಿಷುವದ ಗೆರೆ ಎಲ್ಲಿ ಬಿತ್ತೆಂದು ಲೆಕ್ಕ ಹಾಕಿದರೆ ಗಂಟೆಯ ಮಟ್ಟಿಗೆ ಕ್ಷಣ ಸಿಗುತ್ತದೆ. ಇದನ್ನು ಹಿಂದಿನ ಶತಮಾನಗಳ ವೀಕ್ಷಣೆಯೊಂದಿಗೆ ಹೋಲಿಸಬೇಕು. ನೂರು ವರ್ಷದ ಅಂತರದಲ್ಲಿ ಒಂದು ಗಂಟೆಯ ತಪ್ಪು, ವರ್ಷಕ್ಕೆ ಹಂಚಿದಾಗ 36 ಸೆಕೆಂಡಿಗೆ ಇಳಿಯುತ್ತದೆ. ಉಲುಗ್ ಬೇಗ್‌ನ ವರ್ಷ 365 ದಿನ 5 ಗಂಟೆ 49 ನಿಮಿಷ 15 ಸೆಕೆಂಡ್, ನಿಜವಾದದ್ದಕ್ಕಿಂತ ಅರ್ಧ ನಿಮಿಷದಷ್ಟು ಹೆಚ್ಚು.

ಯಂತ್ರ ದೊಡ್ಡದಾದ ಮಾತ್ರಕ್ಕೆ ಎಲ್ಲವೂ ಸರಿಯಾಗುವುದಿಲ್ಲ. 994ರಲ್ಲಿ ಖಗೋಳಜ್ಞ ಅಲ್-ಖುಜಂದಿ ಇರಾನಿನ ರಯ್ ನಗರದಲ್ಲಿ ಇದೇ ಬಗೆಯ, ಸುಮಾರು 20 ಮೀಟರ್ ತ್ರಿಜ್ಯದ ಕಮಾನು ಕಟ್ಟಿದ್ದ. ಅದರ ರಂಧ್ರವಿದ್ದ ಭಾಗ ಒಂದು ಗೇಣಿನಷ್ಟು ಕುಸಿಯಿತೆಂದು ವಿದ್ವಾಂಸ ಅಲ್-ಬಿರೂನಿ ಬರೆದಿದ್ದಾನೆ. ಎರಡು ಅಳತೆಗಳ ನಡುವೆ ಆರು ತಿಂಗಳ ಅಂತರವಿರುವಾಗ ಕಟ್ಟಡ ಕೂತುಬಿಟ್ಟರೆ ಓರೆಯ ಬೆಲೆಯೇ ಕೆಡುತ್ತದೆ. ಬಂಡೆಯೊಳಗೆ ಇಳಿದ ಕಮಾನು ಏಕೆ ಬೇಕು ಎಂಬುದು ಇದರಿಂದ ಅರ್ಥವಾಗುತ್ತದೆ. ಇನ್ನು ಚಳಿಗಾಲದ ತಗ್ಗಿನ ಸೂರ್ಯನನ್ನು ವಾತಾವರಣದ ವಕ್ರೀಭವನ ಸುಮಾರು ಎರಡು ಕಲೆ ಮೇಲಕ್ಕೆ ತೋರಿಸುತ್ತದೆ, ಅದು ಗಾರೆ ಕೆಲಸದಿಂದ ಹೋಗುವ ತಪ್ಪಲ್ಲ.

ಅಳತೆಯ ನಂತರ ಲೆಕ್ಕ. ಖಗೋಳ ಕೋಷ್ಟಕಗಳಿಗೆಲ್ಲ 1 ಡಿಗ್ರಿಯ ಸೈನ್ (ತ್ರಿಕೋನಮಿತಿಯ ಒಂದು ಅನುಪಾತ) ಬೇಕು. 72 ಮತ್ತು 60 ಡಿಗ್ರಿಯಿಂದ ಹೊರಟು ವ್ಯತ್ಯಾಸ ತೆಗೆದು ಅರ್ಧಿಸುತ್ತ ಬಂದರೆ 3 ಡಿಗ್ರಿ ಸಿಗುತ್ತದೆ, ಎಷ್ಟು ಅರ್ಧಿಸಿದರೂ 1 ಸಿಗುವುದಿಲ್ಲ. ವೀಕ್ಷಣಾಲಯದ ಗಣಿತಜ್ಞ ಅಲ್-ಕಾಶಿ ಘನ ಸಮೀಕರಣಕ್ಕೆ ತಿರುಗಿದ. ಇಂದಿನ ಬರಹದಲ್ಲಿ ಹೇಳುವುದಾದರೆ, 1 ಡಿಗ್ರಿಯ ಸೈನ್ x ಆಗಿರಲಿ; 3 ಡಿಗ್ರಿಯ ಸೈನ್‌ಗೆ x ಘನದ ನಾಲ್ಕರಷ್ಟನ್ನು ಕೂಡಿಸಿ ಮೂರರಿಂದ ಭಾಗಿಸಿದರೆ x ಬರಬೇಕು. ಘನವನ್ನು ಬಿಟ್ಟು ಶುರು ಮಾಡಿ: 0.01744532. ಅದನ್ನೇ ಒಳಗೆ ಹಾಕಿ: 0.01745240. ಮತ್ತೊಮ್ಮೆ: 0.01745241. ಕ್ಯಾಲ್ಕುಲೇಟರ್ ಒತ್ತಿ ನೋಡಿ, ಎಂಟು ಸ್ಥಾನದವರೆಗೂ ಸರಿ. ಅವನು ಇದನ್ನೆಲ್ಲ ಅರವತ್ತರ ಮಾನದಲ್ಲಿ ಕೈಯಿಂದ ಮಾಡಿದ. ಇಡೀ ಸಮರ್ಕಂದ್‌ನಲ್ಲಿ ನನಗೆ ಅತ್ಯಂತ ಇಷ್ಟವಾದ ಕೆಲಸ ಇದೇ.

ಈಗ ಮದರಸಾ. ನಮಾಜಿನ ಹೊತ್ತು ಸೂರ್ಯನ ಎತ್ತರದಿಂದ ನಿರ್ಧಾರವಾಗುತ್ತದೆ, ನಮಾಜಿಗೆ ಮುಖಮಾಡುವ ಮೆಕ್ಕಾದ ದಿಕ್ಕಾದ ಕಿಬ್ಲಾಕ್ಕೆ ಗೋಳ ತ್ರಿಕೋನಮಿತಿ ಬೇಕು, ಆಸ್ತಿ ಪಾಲಿಗೆ ಭಿನ್ನರಾಶಿ ಮತ್ತು ಬೀಜಗಣಿತ. ಗಣಿತ ಅಲ್ಲಿ ಹೊರಗಿನ ಅತಿಥಿಯಾಗಿರಲಿಲ್ಲ. 1420ರಲ್ಲಿ ಮುಗಿದ ಉಲುಗ್ ಬೇಗ್‌ನ ಮದರಸಾಕ್ಕೂ ವೀಕ್ಷಣಾಲಯಕ್ಕೂ ಗಣಿತಜ್ಞ ಕಾಜಿ ಜಾದಾ ರೂಮಿಯಂಥವರೇ ಕೊಂಡಿ. ಅಲ್-ಕಾಶಿ 1427ರಲ್ಲಿ ಬರೆದು ಉಲುಗ್ ಬೇಗ್‌ಗೆ ಅರ್ಪಿಸಿದ ಅಂಕಗಣಿತದ ಗ್ರಂಥದಲ್ಲಿ ಕಮಾನು, ಗುಮ್ಮಟ, ಮುಖರ್ನಾಸ್‌ಗಳ (ಜೇನುಗೂಡಿನಂಥ ಕಟ್ಟಡದ ಅಲಂಕಾರ) ಅಳತೆ ಹಾಕುವ ಕ್ರಮವೂ ಇದೆ, ಅದು ಮೇಸ್ತ್ರಿಗಳಿಗೆ ಬೇಕಾದದ್ದು. ಖಗೋಳ ಕೋಷ್ಟಕ ಸಿದ್ಧವಾದದ್ದು 1437ರಲ್ಲಿ, 1,018 ನಕ್ಷತ್ರಗಳೊಂದಿಗೆ. ಅವುಗಳಲ್ಲಿ 27 ಸಮರ್ಕಂದ್‌ಗೆ ಕಾಣದಷ್ಟು ದಕ್ಷಿಣದವು, ಹಿಂದಿನ ಖಗೋಳಜ್ಞ ಅಲ್-ಸೂಫಿಯ ಪಟ್ಟಿಯಿಂದ ತಂದು ಸೇರಿಸಿದವು. ನಕ್ಷತ್ರಗಳಿಗೆ ಬೇರೆ ಯಂತ್ರಗಳಿದ್ದವು. ರಂಧ್ರದ ಕಮಾನಿಗೆ ಅವುಗಳ ಬೆಳಕು ಸಾಲದು.

1449ರಲ್ಲಿ ಮಗನ ಆದೇಶದಂತೆ ಉಲುಗ್ ಬೇಗ್‌ನ ಕೊಲೆಯಾಯಿತು. ಅವನ ಖಗೋಳಜ್ಞ ಅಲಿ ಕುಶ್ಜಿ ಮುಂದೆ ಇಸ್ತಾಂಬುಲ್ ಸೇರಿದ. ವೀಕ್ಷಣಾಲಯ ಹಾಳಾಗಿ, ಅದಿದ್ದ ಜಾಗವೂ ಮರೆತುಹೋಗಿತ್ತು. 1908ರಲ್ಲಿ ಪುರಾತತ್ವಜ್ಞ ವ್ಯಾಟ್ಕಿನ್ ಹಳೆಯ ವಕ್ಫ್ ಪತ್ರವೊಂದರ ಎಲ್ಲೆಗಳನ್ನು ಹಿಡಿದು ಅದನ್ನು ಪತ್ತೆಮಾಡಿದರು. ನೆಲದೊಳಗಿನ ಕಮಾನು ಉಳಿದಿತ್ತು.

ತತ್ವವನ್ನು ಕಣ್ಣಾರೆ ನೋಡಬೇಕೆಂದಿದ್ದರೆ ಜೈಪುರದ ಜಂತರ್ ಮಂತರ್‌ಗೆ ಹೋಗಿ. ಅದನ್ನು ಕಟ್ಟಿಸಿದ ರಾಜ ಸವಾಯಿ ಜಯಸಿಂಹ ಉಲುಗ್ ಬೇಗ್‌ನ ಕೋಷ್ಟಕಗಳನ್ನು ಬಲ್ಲವನು. ಅಲ್ಲಿನ ದೊಡ್ಡ ನೆರಳು ಗಡಿಯಾರವಾದ ಸಾಮ್ರಾಟ್ ಯಂತ್ರದ ಕತ್ತಲೆ ಕೋಣೆಯಲ್ಲಿರುವ ಷಷ್ಠಾಂಶ ಯಂತ್ರ ಇದೇ 60 ಡಿಗ್ರಿಯ ಕಮಾನು. ಗಡಿಯಾರದ 12 ಗಂಟೆಯನ್ನು ನಂಬಬೇಡಿ. ಜೈಪುರ ಭಾರತೀಯ ಕಾಲಮಾನದ ರೇಖೆಗಿಂತ ಸುಮಾರು 6.7 ಡಿಗ್ರಿ ಪಶ್ಚಿಮಕ್ಕಿರುವುದರಿಂದ ಅಲ್ಲಿ ನಡುಮಧ್ಯಾಹ್ನ ಸುಮಾರು ಅರ್ಧ ಗಂಟೆ ತಡವಾಗಿ ಬರುತ್ತದೆ, ದಿನಕ್ಕೆ ತಕ್ಕಂತೆ ಕಾಲು ಗಂಟೆ ಹಿಂದುಮುಂದಾಗುತ್ತದೆ. 12 ಗಂಟೆಗೇ ಹೋಗಿ ಕಾಯುವುದು ಒಳ್ಳೆಯದು.