ಇಲಿ ಬರುವ ಮುನ್ನವೇ ಓಡುತ್ತಿದ್ದ ಚಿತ್ರಗಳು

ಮಿಕ್ಕಿ ಮೌಸ್‌ಗಿಂತ ಮೊದಲು ಅನಿಮೇಷನ್ ಇತ್ತೇ ಎಂದು ತಾವು ಕೇಳಿದ್ದೀರಿ. ಇತ್ತು, 1928ರಲ್ಲಿ ಆ ಇಲಿ ತೆರೆಗೆ ಬರುವ ಹೊತ್ತಿಗೆ ಈ ಕಲೆಯ ಮೀಸೆ ನರೆಯತೊಡಗಿತ್ತು.

ಲ್ಯೂಮಿಯೇರ್ ಸಹೋದರರು ಟಿಕೆಟ್ ಇಟ್ಟು ಸಿನಿಮಾ ತೋರಿಸುವುದಕ್ಕೆ ಮೂರು ವರ್ಷ ಮೊದಲೇ, ಅಂದರೆ 1892ರ ಅಕ್ಟೋಬರ್ 28ರಂದು, ಎಮಿಲ್ ರೇನೋ ಎಂಬ ಫ್ರೆಂಚ್ ಮಹಾಶಯರು ಪ್ಯಾರಿಸ್ಸಿನ ಗ್ರೆವೆನ್ ಮೇಣದ ಬೊಂಬೆಗಳ ಸಂಗ್ರಹಾಲಯದಲ್ಲಿ, ತಾವೇ ಕೈಯಾರೆ ಬಣ್ಣ ಬಳಿದ ಚಿತ್ರಗಳನ್ನು ಜನರೆದುರು ತೆರೆಯ ಮೇಲೆ ಓಡಿಸಿದರು. ಅಲುಗಾಡದ ಬೊಂಬೆಗಳ ಮನೆಯಲ್ಲೇ ಅಲುಗಾಡುವ ಬೊಂಬೆಗಳು ಹುಟ್ಟಿದ್ದು ವಿಧಿಯ ಕುಚೋದ್ಯವೇ ಸರಿ.

ಅಂದು ತೋರಿಸಿದ ‘ಪೋವ್ರ್ ಪಿಯೆರೋ’ ಎಂಬ ಕಥೆಯಲ್ಲಿದ್ದ ಚಿತ್ರಗಳು ಸುಮಾರು 500. ಇಂದಿನಂತೆ ಸೆಕೆಂಡಿಗೆ 24ರ ಲೆಕ್ಕದಲ್ಲಿ ಓಡಿಸಿದರೆ ಇಪ್ಪತ್ತೊಂದು ಸೆಕೆಂಡಿನಲ್ಲಿ ಕಥೆ ಮುಗಿದು, ಕಾಸು ಕೊಟ್ಟವರು ಜಗಳಕ್ಕೆ ನಿಲ್ಲುತ್ತಿದ್ದರು. ಆದ್ದರಿಂದ ರೇನೋ ಆ ಚಿತ್ರಗಳಿದ್ದ ಉದ್ದನೆಯ ಪಟ್ಟಿಯ ಸುರುಳಿಗಳನ್ನು ಕೈಯಿಂದಲೇ ತಿರುಗಿಸುತ್ತ, ಅಲ್ಲಲ್ಲಿ ನಿಲ್ಲಿಸಿ, ಹಿಂದಕ್ಕೆಳೆದು, ಮತ್ತೆ ಮುಂದಕ್ಕೆ ಬಿಟ್ಟು, ಅದನ್ನು ಹತ್ತು ನಿಮಿಷಕ್ಕೂ ಮೀರಿ ಹಿಗ್ಗಿಸುತ್ತಿದ್ದರು. (ಒಂದೇ ಮುಖವನ್ನು ಮೂರು ಸಲ ತೋರಿಸುವ ನಮ್ಮ ಧಾರಾವಾಹಿಗಳ ಮೂಲಪುರುಷ ಇವರೇ ಇರಬೇಕೆಂಬುದು ನನ್ನ ಗುಮಾನಿ.)

ಸಿನಿಮಾ ಬಂದು ಪ್ರೇಕ್ಷಕರು ಅತ್ತ ಹೊರಳಿದ ಮೇಲೆ, ಬೇಸತ್ತ ರೇನೋ ತಮ್ಮ ಬಹುತೇಕ ಪಟ್ಟಿಗಳನ್ನು ಸೆನ್ ನದಿಗೆ ಎಸೆದುಬಿಟ್ಟರು.